ಒಂದೇ ಆಲ್ಬಂ, ಮೂರು ಪ್ರತಿ

ಕಳೆದ ತಿಂಗಳು ಮೊಮ್ಮಗಳ ಹೆಸರಿಗೆ ಒಂದು ಪಾರ್ಸೆಲ್ ಬಂತು. ಸಹಿ ಹಾಕಿ ತೆಗೆದುಕೊಂಡವನು ನಾನೇ. ಸಂಜೆ ಆಫೀಸಿನಿಂದ ಬಂದವಳೇ ಬಿಚ್ಚಿದಳು. ಬಿಟಿಎಸ್ ಎಂಬ ಕೊರಿಯಾದ ಏಳು ಹುಡುಗರ ತಂಡದ ಆಲ್ಬಂ. ಒಂದಲ್ಲ, ಮೂರು. ಮೂರೂ ಒಂದೇ! ಒಳಗಿನ ಸಿ.ಡಿ. ಹಾಕಲು ಮನೆಯಲ್ಲಿ ಯಂತ್ರವೂ ಇಲ್ಲ.

ಲೆಡ್ಜರ್ ಬರೆದು ಸವೆದ ಕೈ ನನ್ನದು, ಸುಮ್ಮನಿರುತ್ತದೆಯೇ? ವಿಚಾರಿಸಿದೆ. ಪ್ರತಿ ಆಲ್ಬಮ್ಮಿನಲ್ಲೂ ತಂಡದವರ ಫೋಟೊಕಾರ್ಡ್ ಇರುತ್ತದಂತೆ. ಯಾರದು ಎಂಬುದು ಬಿಚ್ಚುವವರೆಗೆ ಗೊತ್ತಾಗದು. ಬೇಕಾದವನದು ಬರದಿದ್ದರೆ ಬೇರೆ ಹುಡುಗಿಯರ ಜೊತೆ ಅದಲುಬದಲು. ನಾವು ಚಿಕ್ಕಂದಿನಲ್ಲಿ ಬೆಂಕಿಪೊಟ್ಟಣದ ಚಿತ್ರಗಳನ್ನು ಹೀಗೇ ಬದಲಾಯಿಸುತ್ತಿದ್ದೆವು, ನಿಜ. ಆದರೆ ಅವು ಬೀದಿಯಲ್ಲಿ ಬಿಟ್ಟಿ ಸಿಗುತ್ತಿದ್ದವು.

‘ಇದು ಲಾಟರಿ ಕಣೇ’ ಎಂದೆ.

‘ನನ್ನ ಸಂಬಳ, ತಾತ’ ಎಂದಳು. ಎರಡು ದಿನ ಮಾತಿಲ್ಲ.

ಅವಳ ಅಜ್ಜಿ ಹೋದಮೇಲೆ ಸಂಜೆ ನನ್ನೊಡನೆ ಕಾಫಿ ಕುಡಿಯುವವಳು ಇವಳೊಬ್ಬಳೇ. ಎರಡು ದಿನ ಸಣ್ಣದಲ್ಲ.

ಮೂರನೆಯ ರಾತ್ರಿ ಅವಳು ನೋಡುತ್ತಿದ್ದ ಕೊರಿಯನ್ ಧಾರಾವಾಹಿಯಲ್ಲಿ ಮಗುವೊಂದು ‘ಅಪ್ಪಾ’ ಎಂದು ಕೂಗಿತು. ಬೆಚ್ಚಿ ತಿರುಗಿದೆ. ಅವರಲ್ಲೂ ಅಪ್ಪನಿಗೆ ಅಪ್ಪಾ, ಅಮ್ಮನಿಗೆ ಒಮ್ಮಾ! ಕ್ರಿಯಾಪದವೂ ನಮ್ಮಂತೆ ವಾಕ್ಯದ ಕೊನೆಗೇ. ಭಾಷೆಗಳ ನಂಟೇನೂ ಸಾಬೀತಾಗಿಲ್ಲ ಎಂದು ಅವಳೇ ತಿದ್ದಿದಳು. ಇರಲಿ, ಮಾತು ಶುರುವಾಯಿತಲ್ಲ.

ಆ ದೇಶದ ಬಗ್ಗೆ ನನಗೆ ಗೊತ್ತಿದ್ದ ಕಥೆ ಒಂದೇ, ಅದನ್ನು ಹೇಳಿದೆ. 1997ರ ಕೊನೆಯಲ್ಲಿ ವಿದೇಶಿ ವಿನಿಮಯ ಬರಿದಾಗಿ ಕೊರಿಯಾ ಐಎಂಎಫ್ ಮುಂದೆ ಕೈಯೊಡ್ಡಿತು. 1998ರಲ್ಲಿ ಜನ ಬ್ಯಾಂಕುಗಳ ಮುಂದೆ ಸಾಲುಗಟ್ಟಿ ಮದುವೆಯುಂಗುರ, ಮಕ್ಕಳ ಮೊದಲ ಹುಟ್ಟುಹಬ್ಬದ ಉಂಗುರ ತಂದು ದೇಶಕ್ಕಾಗಿ ಮಾರಿದರು. ಸುಮಾರು 227 ಟನ್ ಚಿನ್ನ! ಸಾಲ 2001ರಲ್ಲೇ, ಗಡುವಿಗೆ ಮೂರು ವರ್ಷ ಮುಂಚೆ, ತೀರಿತು. ಚಿನ್ನದ ಸಾಲದ ಕೌಂಟರಿನಲ್ಲಿ ಕೂತಿದ್ದವನಿಗೆ ಆ ಉಂಗುರಗಳ ಭಾರ ಗೊತ್ತು. ಬಿಡಿಸಿಕೊಳ್ಳಲಾಗದೆ ಹರಾಜಿಗೆ ಹೋಗುತ್ತಿದ್ದ ತಾಳಿಗಳನ್ನು ನೋಡಿದವನು ನಾನು.

ಅವಳು ಟಿ.ವಿ. ನಿಲ್ಲಿಸಿ ಕೇಳಿದಳು. ಆಮೇಲೆ ತನ್ನ ಕಥೆ ಹೇಳಿದಳು. ಏಳೂ ಹುಡುಗರು ದೇಶದ ಕಡ್ಡಾಯ ಸೇವೆಗೆ ಹೋಗಿದ್ದರಂತೆ, 2022ರ ಡಿಸೆಂಬರಿನಲ್ಲಿ ಮೊದಲನೆಯವನು. ಕೊನೆಯವನು ಮುಗಿಸಿದ್ದು 2025ರ ಜೂನಿನಲ್ಲಿ. ಅಷ್ಟು ದಿನ ಕಾದಿದ್ದಾಳೆ.

ಪೊರೆ ತೆಗೆಸಿದಮೇಲೂ ಓಡುವ ಸಬ್‌ಟೈಟಲ್ ನನಗೆ ಸಿಗುವುದಿಲ್ಲ. ಅವಳೇ ಕನ್ನಡದಲ್ಲಿ ಹೇಳುತ್ತಾಳೆ. ಹದಿನಾರರಲ್ಲಿ ಒಂಬತ್ತು ಕಂತು ಮುಗಿದಿವೆ. ಆಲ್ಬಮ್ಮಿನ ವಿಷಯದಲ್ಲಿ ಮಾತ್ರ ನಾನು ಬದಲಾಗಿಲ್ಲ. ಮುಂದಿನ ಸಲ ಒಂದೇ ತರಿಸು, ಉಳಿದದ್ದಕ್ಕೆ ಆರ್.ಡಿ. ಕಟ್ಟು ಎಂದಿದ್ದೇನೆ.

ಯೋಚಿಸುತ್ತೇನೆ ಎಂದಿದ್ದಾಳೆ.