ಕ್ರೆಯೂಸ: ಒಂದು ಹೆಸರು, ನಾಲ್ಕು ಬಾಳು

ಗ್ರೀಕರ ಪುರಾಣಕಥೆಗಳನ್ನು ಹೊಸದಾಗಿ ಓದಲು ತೊಡಗಿದವರಿಗೆ ಎದುರಾಗುವ ಮೊದಲ ತೊಡಕು ಹೆಸರುಗಳದು. ಆ ಹೆಸರುಗಳು ನಾಲಗೆಗೆ ಒಗ್ಗುವುದು ತಡವೆಂಬುದಷ್ಟೇ ಅಲ್ಲ. ಒಂದೇ ಹೆಸರನ್ನು ಹೊತ್ತವರು ಹಲವರಿರುತ್ತಾರೆ. ಗಾಯಕ ಆರ್ಫಿಯಸ್ ಪಾತಾಳದವರೆಗೆ ಹುಡುಕಿಕೊಂಡು ಹೋದ ಮಡದಿಯ ಹೆಸರು ಯೂರಿಡಿಸಿ. ಮಗನ ಸಾವಿನ ಸುದ್ದಿ ಕೇಳಿ ಪ್ರಾಣ ನೀಗಿಕೊಂಡ ಥೀಬ್ಸ್ ನಗರದ ರಾಣಿಯ ಹೆಸರೂ ಯೂರಿಡಿಸಿ. ಒಬ್ಬಳ ಕಥೆಯನ್ನು ಇನ್ನೊಬ್ಬಳಿಗೆ ಅಂಟಿಸಿ ಓದುಗನು ತಬ್ಬಿಬ್ಬಾಗುವುದು ಸಹಜವೇ ಆಗಿದೆ.

ಇಂಥ ಹೆಸರುಗಳಲ್ಲಿ ‘ಕ್ರೆಯೂಸ’ ಎಂಬುದು ವಿಶೇಷ ವಿಚಾರಕ್ಕೆ ಯೋಗ್ಯವಾದುದು. ಗ್ರೀಕ್ ಮತ್ತು ರೋಮನ್ ಕಾವ್ಯಗಳಲ್ಲಿ ಈ ಹೆಸರಿನ ನಾಲ್ವರು ಸ್ತ್ರೀಯರು ಗಮನ ಸೆಳೆಯುತ್ತಾರೆ. ಒಬ್ಬಳು ಜಲಕನ್ಯೆ, ಒಬ್ಬಳು ಕಾರಿಂತ್ ನಗರದ ರಾಜಪುತ್ರಿ, ಒಬ್ಬಳು ಟ್ರಾಯ್ ನಗರದ ಗೃಹಿಣಿ, ಮತ್ತೊಬ್ಬಳು ಅಥೆನ್ಸಿನ ರಾಣಿ. ಅವರ ನಡುವೆ ರಕ್ತಸಂಬಂಧವಿಲ್ಲ. ಒಬ್ಬಳ ಸುದ್ದಿ ಇನ್ನೊಬ್ಬಳಿಗೆ ತಿಳಿಯದು. ಆದರೂ ಹೆಸರು ಒಂದೇ ಆದುದಕ್ಕೆ ಕಾರಣವುಂಟು.

ಗ್ರೀಕ್ ಭಾಷೆಯಲ್ಲಿ ‘ಕ್ರೆಯೋನ್’ ಎಂದರೆ ಆಳುವವನು, ಒಡೆಯ ಎಂದರ್ಥ. ಅದರ ಸ್ತ್ರೀಲಿಂಗ ರೂಪವೇ ‘ಕ್ರೆಯೂಸ’. ಆಳುವವಳು, ಒಡತಿ, ಕನ್ನಡದಲ್ಲಿ ಹೇಳುವುದಾದರೆ ದೊರೆಸಾನಿ. ಹೀಗಾಗಿ ಇದು ಅಂಕಿತನಾಮ ಎನ್ನುವುದಕ್ಕಿಂತ ಅಂತಸ್ತನ್ನು ಸೂಚಿಸುವ ಪದವೆನ್ನುವುದೇ ಸರಿ. ಭಾರತದ ಮಹಾಕಾವ್ಯಗಳಲ್ಲಿಯೂ ಇದಕ್ಕೆ ಹತ್ತಿರವಾದ ಪದ್ಧತಿಯಿದೆ. ಗಾಂಧಾರ ದೇಶದವಳು ಗಾಂಧಾರಿ, ಕೇಕಯರ ಮಗಳು ಕೈಕೇಯಿ, ಮಿಥಿಲೆಯವಳು ಮೈಥಿಲಿ. ಇಂಥ ಹೆಸರು ಆಕೆ ಯಾವ ಮನೆಯಿಂದ ಬಂದವಳೆಂಬುದನ್ನು ಹೇಳುತ್ತದೆ. ಆಕೆ ಎಂಥವಳೆಂಬುದನ್ನು ಹೇಳುವುದಿಲ್ಲ. ಕಥೆಗೆ ಒಬ್ಬ ಅರಸನ ಮಗಳು ಬೇಕಾಗಿ, ಆಕೆಯ ಹೆಸರು ಯಾರಿಗೂ ನೆನಪಿರದಿದ್ದಲ್ಲಿ, ‘ಕ್ರೆಯೂಸ’ ಎಂಬುದು ಕವಿಯ ಕೈಗೆ ಸುಲಭವಾಗಿ ಎಟುಕುವ ಹೆಸರು.

ನಾಲ್ವರಲ್ಲಿ ಮೊದಲನೆಯವಳ ವೃತ್ತಾಂತ ತೀರ ಚಿಕ್ಕದು. ಗ್ರೀಸಿನ ಥೆಸ್ಸಲಿ ಪ್ರಾಂತದಲ್ಲಿ ಪೆನಿಯಸ್ ಎಂಬ ನದಿಯಿದೆ. ಆ ನದಿಯ ಅಧಿದೇವತೆಗೂ ಭೂದೇವಿಯ ಮಗಳಾದ ಕ್ರೆಯೂಸ ಎಂಬ ಜಲಕನ್ಯೆಗೂ ಹಿಪ್ಸಿಯಸ್ ಎಂಬ ಮಗನು ಹುಟ್ಟಿ, ಲ್ಯಾಪಿತ್ ಎಂಬ ಜನಾಂಗಕ್ಕೆ ಅರಸನಾದನೆಂದು ಪಿಂಡಾರ್ ಕವಿಯು ಕ್ರಿ. ಪೂ. 474ರ ಒಂದು ವಿಜಯಗೀತೆಯಲ್ಲಿ ಹೇಳಿದ್ದಾನೆ. ಈ ಹಿಪ್ಸಿಯಸ್ಸನ ಮಗಳು ಸಿರೀನ್, ಆಯುಧವಿಲ್ಲದೆ ಸಿಂಹದೊಡನೆ ಹೋರಾಡಿದ ವೀರಕನ್ಯೆ. ಲಿಬಿಯಾ ತೀರದಲ್ಲಿ ಗ್ರೀಕರು ಕಟ್ಟಿದ ಪ್ರಸಿದ್ಧ ನಗರವೊಂದು ಆಕೆಯ ಹೆಸರನ್ನೇ ಹೊತ್ತಿತು. ಮೊಮ್ಮಗಳಿಗೆ ಒಂದು ನಗರ ದೊರೆಯಿತು. ಅಜ್ಜಿಗೆ ದೊರೆತುದು ವಂಶಾವಳಿಯಲ್ಲಿ ಒಂದು ಸಾಲು ಮಾತ್ರ.

ಎರಡನೆಯ ಕ್ರೆಯೂಸಳ ಕಥೆ ದಾರುಣವಾದುದು. ಹೊನ್ನಿನ ತುಪ್ಪಟವನ್ನು ಅರಸಿ ಹೋದ ಜೇಸನ್ ಎಂಬ ವೀರನು, ತನಗಾಗಿ ತವರನ್ನೂ ತಾಯ್ನಾಡನ್ನೂ ತೊರೆದು ಬಂದ ಮೀಡಿಯಾ ಎಂಬ ಮಂತ್ರಗಾತಿಯನ್ನು ಮದುವೆಯಾಗಿ, ಇಬ್ಬರು ಗಂಡುಮಕ್ಕಳ ತಂದೆಯಾದ ಮೇಲೆ, ಕಾರಿಂತ್ ನಗರದ ಅರಸು ಕ್ರೆಯೋನನ ಮಗಳನ್ನು ವರಿಸುತ್ತಾನೆ. ಸೇಡಿನ ಕಿಚ್ಚಿನಲ್ಲಿ ಮೀಡಿಯಾ ತನ್ನ ಮಕ್ಕಳ ಕೈಯಲ್ಲೇ ಹೊಸ ವಧುವಿಗೆ ನವಿರಾದ ಸೀರೆಯಂಥ ನಿಲುವಂಗಿಯನ್ನೂ ಬಂಗಾರದ ಕಿರೀಟವನ್ನೂ ಉಡುಗೊರೆಯಾಗಿ ಕಳುಹಿಸುತ್ತಾಳೆ. ಎರಡಕ್ಕೂ ವಿಷ ಸವರಿತ್ತು.

ಯೂರಿಪಿಡೀಸ್ ಮಹಾಕವಿಯ ‘ಮೀಡಿಯಾ’ ನಾಟಕ ಅಥೆನ್ಸಿನಲ್ಲಿ ಪ್ರಯೋಗವಾದುದು ಕ್ರಿ. ಪೂ. 431ರಲ್ಲಿ. ಆ ನಾಟಕದಲ್ಲಿ ಈ ವಧುವು ರಂಗದ ಮೇಲೆ ಒಮ್ಮೆಯೂ ಕಾಣಿಸಿಕೊಳ್ಳುವುದಿಲ್ಲ. ಒಂದು ಮಾತನ್ನೂ ಆಡುವುದಿಲ್ಲ. ಆಕೆಗೆ ಹೆಸರು ಕೂಡ ಇಲ್ಲ. ಆಕೆಯ ಅಂತ್ಯವನ್ನು ದೂತನೊಬ್ಬ ಬಂದು ವರ್ಣಿಸುತ್ತಾನೆ. ಮೀಡಿಯಾಳ ಮಕ್ಕಳನ್ನು ಕಂಡು ಮೊದಲು ಮುಖ ತಿರುಗಿಸಿದ ಹುಡುಗಿ, ಉಡುಗೊರೆಯನ್ನು ಕಂಡೊಡನೆ ಮೆತ್ತಗಾಗುತ್ತಾಳೆ. ಉಡುಗೆಯನ್ನು ತೊಟ್ಟು, ಕಿರೀಟವನ್ನಿಟ್ಟು, ಕನ್ನಡಿಯಲ್ಲಿ ತನ್ನ ಬಿಂಬವನ್ನು ನೋಡಿ ನಗುತ್ತಾಳೆ. ಕೋಣೆಯಲ್ಲಿ ಅತ್ತಿತ್ತ ನಡೆದು, ಉಡುಗೆಯ ನೆರಿಗೆ ಹಿಮ್ಮಡಿಯ ಮೇಲೆ ಹೇಗೆ ಬೀಳುತ್ತದೆಂದು ಹಿಂದಿರುಗಿ ನೋಡಿಕೊಳ್ಳುತ್ತಾಳೆ. ಮರುಗಳಿಗೆಯಲ್ಲಿ ಬಣ್ಣ ಕೆಡುತ್ತದೆ, ಕಿರೀಟದಿಂದ ಬೆಂಕಿ ಹೊರಡುತ್ತದೆ. ಓಡಿಬಂದು ಅಪ್ಪಿಕೊಂಡ ತಂದೆಯೂ ಆಕೆಯೊಡನೆ ಬೆಂದುಹೋಗುತ್ತಾನೆ. ಮೀಡಿಯಾಳ ಪಾಲಿಗೆ ಆಕೆ ಸವತಿ, ಜೇಸನನ ಪಾಲಿಗೆ ರಾಜ್ಯದ ಹಾದಿ. ಆದರೆ ಕನ್ನಡಿಯ ಮುಂದಿನ ಆ ನಗುವಿನಿಂದ ಆಕೆ ಇನ್ನೂ ಎಳೆಯ ಹುಡುಗಿಯೆಂಬುದು ತಿಳಿಯುತ್ತದೆ.

ಮುಂದಿನ ಬರಹಗಾರರು ಈ ಹೆಸರಿಲ್ಲದವಳಿಗೆ ಒಂದಲ್ಲ, ಎರಡು ಹೆಸರುಗಳನ್ನು ಕೊಟ್ಟರು. ಗ್ರೀಕರಲ್ಲಿ ಕೆಲವರು ಆಕೆಯನ್ನು ಗ್ಲಾಕೆ ಎಂದರು, ಕ್ರಿ. ಶ. 65ರಲ್ಲಿ ಮಡಿದ ರೋಮನ್ ಲೇಖಕ ಸೆನೆಕಾ ತನ್ನ ನಾಟಕದಲ್ಲಿ ಕ್ರೆಯೂಸ ಎಂದು ಕರೆದನು. ತಂದೆ ಕ್ರೆಯೋನ್, ಮಗಳು ಕ್ರೆಯೂಸ. ‘ಅರಸನ ಮಗಳು ಅರಸಿ’ ಎಂದಂತಾಯಿತು. ಕ್ರಿ. ಶ. ಎರಡನೆಯ ಶತಮಾನದ ಪ್ರವಾಸಿ ಪಾಸೇನಿಯಸ್ ಕಾರಿಂತ್ ನಗರದಲ್ಲಿ ಗ್ಲಾಕೆಯ ಹೆಸರಿನ ನೀರಿನ ತಾಣವನ್ನು ಕಂಡಿದ್ದಾನೆ. ವಿಷದ ಉರಿ ತಣಿಯಲೆಂದು ಆಕೆ ಅದರೊಳಕ್ಕೆ ಹಾರಿದಳೆಂದು ಅಲ್ಲಿನ ಜನ ಹೇಳುತ್ತಿದ್ದರಂತೆ. ಬಂಡೆಯಲ್ಲಿ ಕೊರೆದ ಆ ಕೊಳದ ಅವಶೇಷವನ್ನು ಇಂದಿಗೂ ಪ್ರಾಚೀನ ಕಾರಿಂತ್‌ನಲ್ಲಿ, ಅಪೊಲೊ ದೇವಾಲಯದ ಸಮೀಪದಲ್ಲಿ, ಯಾತ್ರಿಕರಿಗೆ ತೋರಿಸುತ್ತಾರೆ.

ಮೂರನೆಯ ಕ್ರೆಯೂಸ ಟ್ರಾಯ್ ನಗರದ ವೃದ್ಧ ದೊರೆ ಪ್ರಿಯಾಮನ ಮಗಳು, ಈನಿಯಸ್ ವೀರನ ಹೆಂಡತಿ. ಹಳೆಯ ಗ್ರೀಕ್ ಕಾವ್ಯಗಳು ಈನಿಯಸನ ಹೆಂಡತಿಯ ಹೆಸರನ್ನು ಯೂರಿಡಿಸಿ ಎಂದೇ ಹೇಳಿದ್ದವೆಂದು ಪಾಸೇನಿಯಸ್ ತಿಳಿಸುತ್ತಾನೆ. ಕ್ರೆಯೂಸ ಎಂಬ ಹೆಸರು ಜಗತ್ತಿನಲ್ಲಿ ನೆಲೆನಿಂತುದು ಕ್ರಿ. ಪೂ. 19ರಲ್ಲಿ ತೀರಿಕೊಂಡ ರೋಮನ್ ಮಹಾಕವಿ ವರ್ಜಿಲನಿಂದ. ಆತನ ‘ಈನಿಡ್’ ಮಹಾಕಾವ್ಯದ ಎರಡನೆಯ ಸರ್ಗದಲ್ಲಿ ಟ್ರಾಯ್ ನಗರ ಉರಿಯುತ್ತಿದೆ. ಈನಿಯಸನ ವೃದ್ಧ ತಂದೆ ಮನೆ ಬಿಟ್ಟು ಬರಲೊಲ್ಲನು. ಈನಿಯಸ್ ಹತಾಶನಾಗಿ ಮತ್ತೆ ಯುದ್ಧಕ್ಕೆ ಹೊರಡುತ್ತಾನೆ. ಹೊಸ್ತಿಲಲ್ಲಿ ಅವನ ಕಾಲು ಹಿಡಿದು, ಎಳೆಯ ಮಗನನ್ನು ಎತ್ತಿ ತೋರಿಸಿ, ಸಾಯುವುದಾದರೆ ತಮ್ಮನ್ನೂ ಜೊತೆಗೆ ಕರೆದೊಯ್ಯೆಂದು ತಡೆಯುವವಳು ಕ್ರೆಯೂಸ. ಬಳಿಕ ದೈವದ ಸೂಚನೆಯೊಂದು ಕಂಡು ಮುದುಕನು ಒಪ್ಪುತ್ತಾನೆ, ಎಲ್ಲರೂ ಹೊರಡುತ್ತಾರೆ. ತಂದೆಯು ಹೆಗಲ ಮೇಲೆ, ಮಗನು ಕೈಹಿಡಿದು ಪಕ್ಕದಲ್ಲಿ. ಹೆಂಡತಿ ಮಾತ್ರ ದೂರದಿಂದ ಹಿಂಬಾಲಿಸಿ ಬರಬೇಕೆಂದು ಈನಿಯಸನ ಅಪ್ಪಣೆ.

ಈ ದೃಶ್ಯವನ್ನು ಯೂರೋಪಿನ ಚಿತ್ರಕಾರರೂ ಶಿಲ್ಪಿಗಳೂ ಪಿತೃಭಕ್ತಿಯ ಪ್ರತೀಕವಾಗಿ ಶತಮಾನಗಳ ಕಾಲ ಕೊಂಡಾಡಿದ್ದಾರೆ. ಆದರೆ ಆ ರಾತ್ರಿಯ ಬೆಲೆ ತೆತ್ತವಳು ಹಿಂದೆ ಬರುತ್ತಿದ್ದ ಹೆಂಗಸು. ಶತ್ರುಗಳು ಬಂದರೆಂಬ ಗಾಬರಿಯಲ್ಲಿ ಈನಿಯಸ್ ಅಡ್ಡದಾರಿ ಹಿಡಿಯುತ್ತಾನೆ. ಊರಾಚೆಯ ಹಳೆಯ ಗುಡಿಯ ದಿಬ್ಬವನ್ನು ಮುಟ್ಟುವವರೆಗೆ ಒಮ್ಮೆಯೂ ಹಿಂದಿರುಗಿ ನೋಡುವುದಿಲ್ಲ. ಎಲ್ಲರನ್ನೂ ಎಣಿಸಿದಾಗ ಇಲ್ಲದವಳು ಆಕೆಯೊಬ್ಬಳೇ. ಅವನು ಉರಿಯುವ ಊರಿಗೆ ಮರಳಿ ಓಡಿ, ಶತ್ರುಗಳು ಕೇಳಿಯಾರೆಂಬ ಭಯವನ್ನೂ ತೊರೆದು, ಬೀದಿಬೀದಿಯಲ್ಲಿ ಹೆಸರು ಹಿಡಿದು ಕೂಗುತ್ತಾನೆ. ಎದುರಿಗೆ ಬಂದು ನಿಲ್ಲುವುದು ಆಕೆಯ ಛಾಯೆ ಮಾತ್ರ. ಆಕೆ ನಿಂದಿಸುವುದಿಲ್ಲ. ದೂರದೇಶದಲ್ಲಿ ಅವನಿಗೆ ರಾಜ್ಯವೂ ರಾಜವಂಶದ ಮಡದಿಯೂ ಕಾದಿರುವುದನ್ನು ತಾನೇ ತಿಳಿಸುತ್ತಾಳೆ. ತಾನು ಗ್ರೀಕ್ ಹೆಂಗಸರ ತೊತ್ತಾಗಲಿಲ್ಲ, ದೇವಮಾತೆ ತನ್ನನ್ನು ಈ ನೆಲದಲ್ಲೇ ಉಳಿಸಿಕೊಂಡಿದ್ದಾಳೆ ಎನ್ನುತ್ತಾಳೆ. ಮಗನ ಮೇಲಿನ ಪ್ರೀತಿಯನ್ನು ಕಾಪಾಡಿಕೋ ಎಂದು ಹೇಳಿ ಮರೆಯಾಗುತ್ತಾಳೆ. ಮೂರು ಸಾರಿ ಅಪ್ಪಲು ಹೋದ ಅವನ ತೋಳುಗಳಿಗೆ ದಕ್ಕಿದುದು ಬರಿಯ ಗಾಳಿ.

ನಾಲ್ಕನೆಯವಳಾದ ಅಥೆನ್ಸಿನ ಕ್ರೆಯೂಸಳಿಗೆ ಮಾತ್ರ ಒಂದು ಇಡೀ ನಾಟಕ ಮೀಸಲಾಗಿದೆ. ಅದನ್ನು ಬರೆದವನೂ ಯೂರಿಪಿಡೀಸನೇ. ನಾಟಕದ ಹೆಸರು ಮಾತ್ರ ಆಕೆಯ ಮಗನಾದ ‘ಇಯೋನ್’ನದು. ಅರಸು ಎರೆಕ್ತಿಯಸ್ಸನ ಮಗಳಾದ ಕ್ರೆಯೂಸ ಕನ್ಯೆಯಾಗಿದ್ದಾಗ ಕೇಸರಿ ಹೂ ಬಿಡಿಸುತ್ತಿದ್ದಳು. ಅಪೊಲೊ ದೇವನು ಆಕೆಯ ಕೈಹಿಡಿದೆಳೆದು, ಕೂಗುತ್ತಿದ್ದವಳನ್ನು ಆಕ್ರೊಪೊಲಿಸ್ ಬೆಟ್ಟದ ಗವಿಗೆ ಒಯ್ದನು. ಹುಟ್ಟಿದ ಕೂಸನ್ನು ಆಕೆ ಯಾರಿಗೂ ತಿಳಿಯದಂತೆ ಬುಟ್ಟಿಯಲ್ಲಿರಿಸಿ ಅದೇ ಗವಿಯಲ್ಲಿ ಬಿಟ್ಟಳು. ದೇವದೂತ ಹರ್ಮೀಸ್ ಅದನ್ನು ಡೆಲ್ಫಿಯ ದೇವಾಲಯಕ್ಕೆ ಸಾಗಿಸಿದುದು ಆಕೆಗೆ ತಿಳಿಯದು. ಮುಂದೆ ಯುದ್ಧದಲ್ಲಿ ಅಥೆನ್ಸಿಗೆ ನೆರವಾದ ಪರದೇಶದ ವೀರ ಕ್ಸೂಥಸ್ಸನಿಗೆ ಆಕೆಯನ್ನು ಕೊಟ್ಟು ಮದುವೆಯಾಯಿತು, ಮಕ್ಕಳಾಗಲಿಲ್ಲ. ಸಂತಾನದ ಮಾತು ಕೇಳಲು ದಂಪತಿಗಳು ಡೆಲ್ಫಿಗೆ ಬರುತ್ತಾರೆ. ಅಲ್ಲಿ ಕಸಗುಡಿಸುವ ಅನಾಥ ಯುವಕನನ್ನೇ ‘ನಿನ್ನ ಮಗ’ ಎಂದು ದೇವವಾಣಿಯು ಗಂಡನಿಗೆ ಕೊಡುತ್ತದೆ. ಹೆಂಡತಿಗೆ ಏನನ್ನೂ ಹೇಳುವುದಿಲ್ಲ.

ಅಷ್ಟು ವರ್ಷ ಅದುಮಿಟ್ಟ ದುಃಖ ಆಗ ಒಡೆಯುತ್ತದೆ. ದೇವನ ಗುಡಿಯ ಎದುರಿನಲ್ಲೇ ನಿಂತು ಕ್ರೆಯೂಸ ದೇವನ ಮೇಲೆ ದೂರು ಹೇಳುತ್ತಾಳೆ. ಕೂಸು ಹದ್ದುಗಳ ಪಾಲಾಗಿರುವಾಗ ನೀನು ವೀಣೆ ನುಡಿಸುತ್ತ ಕುಳಿತಿರುವೆಯಾ ಎಂದು ಕೇಳುತ್ತಾಳೆ. ಗಂಡನಿಗೆ ಬೇರೊಬ್ಬಳಲ್ಲಿ ಹುಟ್ಟಿದ ಮಗನೆಂದು ಭಾವಿಸಿ ಆ ಯುವಕನಿಗೆ ವಿಷವಿಕ್ಕಿಸಲು ಒಪ್ಪುವ ಮಟ್ಟಿಗೂ ಹೋಗುತ್ತಾಳೆ. ಚೆಲ್ಲಿದ ಮದ್ಯವನ್ನು ಕುಡಿದ ಪಾರಿವಾಳವೊಂದು ಸತ್ತುಬಿದ್ದು ಸಂಚು ಬಯಲಾಗುತ್ತದೆ. ಕಲ್ಲೆಸೆದು ಕೊಲ್ಲಬೇಕೆಂಬ ತೀರ್ಪಾಗಿ, ಆಕೆ ಬಲಿಪೀಠವನ್ನು ಆಶ್ರಯಿಸಿ ಕುಳಿತಾಗ, ಯುವಕನನ್ನು ಸಾಕಿದ ಅರ್ಚಕಿಯು ಹಳೆಯ ಬುಟ್ಟಿಯೊಂದನ್ನು ಹೊರತರುತ್ತಾಳೆ. ಅದರೊಳಗಿನ ವಸ್ತುಗಳನ್ನು ನೋಡದೆಯೇ ಕ್ರೆಯೂಸ ಒಂದೊಂದಾಗಿ ಹೇಳುತ್ತಾಳೆ: ಬಾಲ್ಯದಲ್ಲಿ ಕಲಿಯುವಾಗ ತಾನು ಅರ್ಧ ನೆಯ್ದು ಬಿಟ್ಟ ಬಟ್ಟೆ, ಬಂಗಾರದ ಹಾವುಗಳು, ಬಾಡದ ಆಲಿವ್ ಎಲೆಯ ಮಾಲೆ. ಮಗನು ತಾಯಿಯನ್ನು ಗುರುತಿಸುತ್ತಾನೆ.

ಬುಟ್ಟಿಯಲ್ಲಿ ಕೂಸನ್ನು ತೊರೆದ ಕುಂತಿಯ ಕಥೆಯನ್ನು ಬಲ್ಲ ಓದುಗರಿಗೆ ಇದು ಪರಿಚಿತವೆನಿಸಬಹುದು. ಆದರೆ ಒಂದು ಅಂತರವುಂಟು. ಕುಂತಿ ತನ್ನ ಗುಟ್ಟನ್ನು ಪಾಂಡವರಿಗೆ ಹೇಳಿದುದು ಕರ್ಣನು ಮಡಿದ ಮೇಲೆ. ಕ್ರೆಯೂಸ ಬಾಯಿ ತೆರೆದುದು ಮಗನು ಬದುಕಿರುವಾಗಲೇ.

ಗ್ರೀಕರ ಅಯೋನಿಯನ್ ಶಾಖೆಯವರು ತಮ್ಮ ಜನಾಂಗಕ್ಕೆ ಹೆಸರು ಬಂದುದು ಈ ಇಯೋನ್‌ನಿಂದಲೇ ಎಂದು ನಂಬಿದ್ದರು. ಆ ಜನಾಂಗದ ಹೆಸರು ಪಾರಸಿಕರ ಬಾಯಲ್ಲಿ ‘ಯೌನ’ ಎಂದಾಗಿ, ಅಶೋಕನ ಶಾಸನಗಳಲ್ಲಿ ‘ಯೋನ’ವೆಂದೂ ಸಂಸ್ಕೃತದಲ್ಲಿ ‘ಯವನ’ವೆಂದೂ ಉಳಿಯಿತು. ಕನ್ನಡದ ಕಾವ್ಯವಾಚಕರಿಗೂ ಪರಿಚಿತವಾದ ಈ ಪದದ ಹಿಂದಿನ ಪುರಾಣಕಥೆಯಲ್ಲಿ ಹೀಗೊಬ್ಬ ತಾಯಿ ನಿಂತಿದ್ದಾಳೆ.

ನಾಲ್ವರನ್ನೂ ಒಟ್ಟಿಗೆ ನಿಲ್ಲಿಸಿ ನೋಡಿದರೆ ಒಂದು ಮಾತು ಸ್ಪಷ್ಟವಾಗುತ್ತದೆ. ಜಲಕನ್ಯೆ ಯಾರದೋ ತಾಯಿ; ಕಾರಿಂತ್‌ನವಳು ಯಾರದೋ ಸವತಿ; ಇಬ್ಬರೂ ಮೂಲಕಾವ್ಯಗಳಲ್ಲಿ ಮಾತನಾಡಿದವರಲ್ಲ, ಆದುದರಿಂದಲೇ ಅವರ ಹೆಸರುಗಳನ್ನು ಬದಲಿಸಿದರೂ ಕಥೆ ಕೆಡುವುದಿಲ್ಲ. ಟ್ರಾಯ್‌ನವಳಿಗೆ ಹೆಸರು ನಿಜವಾಗಿ ಅಂಟಿಕೊಂಡುದು ಕಳೆದುಕೊಂಡವನು ಕತ್ತಲಲ್ಲಿ ಅದನ್ನು ಕೂಗಿದಾಗ. ಅಥೆನ್ಸಿನವಳು ಯಾರ ಕೂಗಿಗೂ ಕಾಯಲಿಲ್ಲ. ತನ್ನ ಕಥೆಯನ್ನು ತಾನೇ ಹೇಳಿದಳು. ದೊರೆಸಾನಿ ಎಂಬ ಹೆಸರು ಯಾವ ಅರಸನ ಮಗಳಿಗಾದರೂ ಹೊಂದುತ್ತದೆ. ಆದರೆ ಬುಟ್ಟಿಯೊಳಗಿನ ಆ ಅರೆನೆಯ್ದ ಬಟ್ಟೆಯನ್ನು ನೋಡದೆ ವರ್ಣಿಸಬಲ್ಲವಳು ಅದನ್ನು ನೆಯ್ದವಳೊಬ್ಬಳೇ.