ಧ್ವನಿಯ ಪಾಠಾಂತರ

ಹಳೆಯ ರಾಕ್ ಆಲ್ಬಮ್‌ಗಳ ಎಲ್‌ಪಿ ತಟ್ಟೆಗಳನ್ನು ನುಡಿಸಿ, ಆ ಧ್ವನಿಯನ್ನು ಅಧಿಕ ಸಾಂದ್ರತೆಯ ಡಿಜಿಟಲ್ ಕಡತಗಳಿಗೆ ಇಳಿಸಿಕೊಳ್ಳುವ ರೂಢಿಯ ಸೆಳೆತ ಯಾವುದರಲ್ಲಿದೆ ಎಂಬ ಪ್ರಶ್ನೆಯನ್ನು ನೆವಾರ್ಕ್ ಪಟ್ಟಣದ ಸುತ್ತಲಿನ ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿ ಪ್ರದೇಶದಲ್ಲಿಟ್ಟು ನೋಡುವುದು ಉಚಿತ. ಅಲ್ಲಿಂದ ಡಂಬಾರ್ಟನ್ ಸೇತುವೆ ದಾಟಿದ ಮೇಲೆ ಸಿಗುವ ರೆಡ್‌ವುಡ್ ಸಿಟಿ, ಸ್ಟುಡಿಯೊ ಟೇಪ್ ಯಂತ್ರಗಳಿಗೆ ಹೆಸರಾದ ಆಂಪೆಕ್ಸ್ ಸಂಸ್ಥೆಯ ನೆಲೆಯಾಗಿತ್ತು. ಸಂತಾನಾ ತಂಡದ ‘ಅಬ್ರಾಕ್ಸಸ್’ ಮತ್ತು ಗ್ರೇಟ್‌ಫುಲ್ ಡೆಡ್ ತಂಡದ ‘ಅಮೆರಿಕನ್ ಬ್ಯೂಟಿ’ ಎರಡೂ 1970ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊದ ವಾಲಿ ಹೈಡರ್ ಸ್ಟುಡಿಯೊದಲ್ಲಿ ಧ್ವನಿಮುದ್ರಣಗೊಂಡವು.

ಅಂಕಿಗಳನ್ನಷ್ಟೇ ನೋಡಿದರೆ ತಟ್ಟೆಯಿಂದ ಧ್ವನಿ ಇಳಿಸಿಕೊಳ್ಳುವ ಈ ಶ್ರಮ ವ್ಯರ್ಥವೆನಿಸುತ್ತದೆ. ಸಿಡಿಯು ಸೆಕೆಂಡಿಗೆ 44,100 ಬಾರಿ ಧ್ವನಿಯ ಮಾದರಿ ತೆಗೆದು ಪ್ರತಿಯೊಂದನ್ನೂ 16 ಬಿಟ್‌ಗಳಲ್ಲಿ ಬರೆಯುವುದರಿಂದ, ಮನುಷ್ಯನ ಕಿವಿಯ ಮೇಲ್ಮಿತಿಯಾದ ಸುಮಾರು 20,000 ಹರ್ಟ್ಸ್‌ವರೆಗಿನ ನಾದವೆಲ್ಲ ಅದರಲ್ಲಿ ಅಡಗುತ್ತದೆ. ಅತಿ ಮೆಲುದನಿಗೂ ಅತಿ ಗಟ್ಟಿದನಿಗೂ ನಡುವಣ ಅಂತರ ಅದರಲ್ಲಿ ಸುಮಾರು 96 ಡೆಸಿಬೆಲ್ ಇದ್ದರೆ, ಎಲ್‌ಪಿಯಲ್ಲಿ 70ರ ಆಸುಪಾಸಿನಲ್ಲೇ ನಿಲ್ಲುತ್ತದೆ. ಆದರೆ ಈ ವಾದ ಪಾತ್ರೆಯನ್ನು ಅಳೆಯುತ್ತದೆಯೇ ಹೊರತು ಅದರೊಳಗೆ ತುಂಬಿದ್ದು ಏನೆಂದು ಕೇಳುವುದಿಲ್ಲ.

ಟೇಪಿನ ಧ್ವನಿಯನ್ನು ತಟ್ಟೆಗೋ ಸಿಡಿಗೋ ಹದಗೊಳಿಸುವ ಕೊನೆಯ ಹಂತಕ್ಕೆ ಮಾಸ್ಟರಿಂಗ್ ಎಂದು ಹೆಸರು. ಯಾವ ವಾದ್ಯ ಎಷ್ಟು ಮುಂದೆ ಬರಬೇಕು, ಎಲ್ಲಿ ತಗ್ಗಬೇಕು ಎಂಬುದನ್ನು ಅಲ್ಲಿ ಒಬ್ಬ ತಂತ್ರಜ್ಞನ ಕಿವಿ ನಿರ್ಧರಿಸುತ್ತದೆ. 1990ರ ದಶಕದಿಂದೀಚೆಗೆ ಅನೇಕ ಮರುಬಿಡುಗಡೆಗಳಲ್ಲಿ ಮೆಲುದನಿಯನ್ನು ಎತ್ತರಿಸಿ, ಶಿಖರಗಳನ್ನು ಒತ್ತಿ, ಎಲ್ಲವನ್ನೂ ಒಂದೇ ಅಬ್ಬರಕ್ಕೆ ತಂದದ್ದರಿಂದ, ಡ್ರಮ್ಮಿನ ಪೆಟ್ಟು ಸುತ್ತಲಿನ ನಾದದಿಂದ ಸಿಡಿದು ನಿಲ್ಲುವ ಗುಣ ಕುಗ್ಗಿತು. ಮೊದಲ ಮುದ್ರಣದ ತಟ್ಟೆಯಲ್ಲಾದರೋ ಅಂದಿನ ಕಿವಿಯ ತೀರ್ಮಾನ ಗೆರೆಯಾಗಿ ಉಳಿದಿದೆ. ಹಳೆಯ ಕಾವ್ಯಗಳ ಸಂಪಾದನೆಯಲ್ಲೂ ಹೀಗೆಯೇ: ಬಿ.ಎಲ್. ರೈಸ್ 1898ರಲ್ಲಿ ಪಂಪಭಾರತವನ್ನು ಅಚ್ಚು ಹಾಕಿಸಿದ ಮೇಲೂ ಕನ್ನಡ ಸಾಹಿತ್ಯ ಪರಿಷತ್ತು ಬೇರೆ ಓಲೆಪ್ರತಿಗಳನ್ನು ಹೋಲಿಸಿ 1931ರಲ್ಲಿ ಅದನ್ನು ಮತ್ತೆ ಹೊರತಂದದ್ದು ಪಾಠಾಂತರಕ್ಕೆ ಬೆಲೆಯಿದ್ದುದರಿಂದ. ಎಲ್‌ಪಿಯೂ ಅಂಥದೇ ಒಂದು ಪಾಠ. 1970ರ ದಶಕದ ಅನೇಕ ಟೇಪುಗಳ ಅಂಟು ತೇವ ಹೀರಿ ಜಿಗುಟಾಗಿ, ಹದವಾದ ಶಾಖದಲ್ಲಿ ಒಣಗಿಸದೆ ಅವುಗಳನ್ನು ನುಡಿಸಲಾಗದ ಸ್ಥಿತಿಯಿರುವಾಗ, ಈ ಪಾಠದ ಸಾಕ್ಷ್ಯ ಇನ್ನೂ ತೂಕದ್ದಾಗುತ್ತದೆ.

24 ಬಿಟ್, ಸೆಕೆಂಡಿಗೆ 96,000 ಮಾದರಿಗಳ ಕಡತದ ನಿಜವಾದ ಪ್ರಯೋಜನ ದುರಸ್ತಿಯ ವೇಳೆ ತಿಳಿಯುತ್ತದೆ. ಗೀರಿನ ಮೇಲೆ ಸೂಜಿ ಹಾಯ್ದಾಗ ಹುಟ್ಟುವ ‘ಟಿಕ್’ ಸದ್ದು ಕಡತದ ಅಲೆರೇಖೆಯಲ್ಲಿ ಮುಳ್ಳಿನಂತೆ ಕಡಿದಾಗಿ ಎದ್ದು ಕಾಣುವುದರಿಂದ, ಪಕ್ಕದ ಸ್ವರಕ್ಕೆ ತಾಗದಂತೆ ಅದನ್ನಷ್ಟೇ ಕಿತ್ತು ತೆಗೆಯಬಹುದು. ಅತಿಯಾಗಿ ತೊಳೆದರೆ ಸಿಂಬಲ್ ತಾಳದ ಚೂಪೂ ಜೊತೆಗೇ ಸವೆದುಹೋಗುತ್ತದೆ. ಆದ್ದರಿಂದ ಯಾವ ಮುದ್ರಣದ ತಟ್ಟೆ, ಯಾವ ಸೂಜಿ, ತಿದ್ದಿದ್ದು ಏನು ಎಂಬ ವಿವರವಿಲ್ಲದ ಕಡತವು ಆಕರದ ಹೆಸರೆತ್ತದ ಸಂಪಾದನೆಯಷ್ಟೇ ಅಪೂರ್ಣ. ಕನ್ನಡದ ಹಾಡುಗಳಿಗೂ ಈ ಮಾತು ಸಲ್ಲುತ್ತದೆ. ಮೂಲ ಟೇಪು ಕಳೆದುಹೋದ ಹಾಡಿಗೆ ಅಟ್ಟದ ಮೇಲಿನ ತಟ್ಟೆಯೇ ಉಳಿದ ಓಲೆಪ್ರತಿ.