ಕಾವಲಿನ ಹುಲ್ಲೂ ಯುದ್ಧದ ಚರಿತ್ರೆಯೂ

ಯುದ್ಧದ ಚರಿತ್ರೆ ಬರೆಯುವವರು ಸಾಮಾನ್ಯವಾಗಿ ರಣರಂಗಕ್ಕೆ ಹೋಗುತ್ತಾರೆ. ಯಾವ ದಳ ಎಲ್ಲಿ ನಿಂತಿತು, ಯಾವ ಸೇನಾನಿ ಏನು ಆಜ್ಞೆ ಮಾಡಿದ, ಯಾರು ಗೆದ್ದರು ಎಂಬಲ್ಲಿಗೆ ಗ್ರಂಥ ಮುಗಿಯುತ್ತದೆ. ಆದರೆ ಯುದ್ಧವು ರಣರಂಗಕ್ಕೆ ಬರುವ ಮೊದಲೇ ಊರುಗಳಲ್ಲಿ ಸಿದ್ಧವಾಗುತ್ತದೆ. ಕಾರ್ಖಾನೆಯಲ್ಲಿ, ಹಡಗುಕಟ್ಟೆಯಲ್ಲಿ, ಕೂಲಿಗಾರರ ವಠಾರದಲ್ಲಿ, ಒಮ್ಮೊಮ್ಮೆ ದನ ಮೇಯುವ ಬಯಲಿನಲ್ಲಿ. ಈ ಮಾತನ್ನು ಮನಗಂಡು ಬರೆದವರಲ್ಲಿ ಅಮೆರಿಕದ ಇತಿಹಾಸಕಾರ ರೋಜರ್ ಲಾಚಿನ್ ಒಬ್ಬರು.

1992ರಲ್ಲಿ ಪ್ರಕಟವಾದ ಅವರ ‘ಫೋರ್ಟ್ರೆಸ್ ಕ್ಯಾಲಿಫೋರ್ನಿಯ’ ಎಂಬ ಗ್ರಂಥ 1910ರಿಂದ 1961ರವರೆಗಿನ ಅರ್ಧ ಶತಮಾನದ ಕಥೆಯನ್ನು ಹೇಳುತ್ತದೆ. ಸ್ಯಾನ್ ಫ್ರಾನ್ಸಿಸ್ಕೊ, ಲಾಸ್ ಏಂಜಲೀಸ್, ಸ್ಯಾನ್ ಡಿಯಾಗೊ ನಗರಗಳಿಗೆ ನೌಕಾನೆಲೆಗಳೂ ವಿಮಾನ ಕಾರ್ಖಾನೆಗಳೂ ತಾವಾಗಿ ಬಂದುವೆಂದು ತಿಳಿಯಬಾರದು. ಆ ಊರುಗಳ ಮುಖಂಡರು, ವರ್ತಕರು ತಾವೇ ಹೋಗಿ ಅವನ್ನು ಕರೆತಂದರು ಎಂಬುದು ಲಾಚಿನ್ನರ ವಾದ. 2003ರಲ್ಲಿ ಬಂದ ‘ದಿ ಬ್ಯಾಡ್ ಸಿಟಿ ಇನ್ ದಿ ಗುಡ್ ವಾರ್’ ಎಂಬ ಇನ್ನೊಂದು ಗ್ರಂಥದಲ್ಲಿ ಎರಡನೆಯ ಮಹಾಯುದ್ಧದ ಕಾಲಕ್ಕೆ ಕ್ಯಾಲಿಫೋರ್ನಿಯದ ನಗರಗಳು ಹೊತ್ತ ಭಾರದ ವಿವರಣೆಯಿದೆ. ನಗರ, ಉದ್ಯಮ, ಯುದ್ಧ ಈ ಮೂರನ್ನೂ ಒಂದೇ ದಾರದಲ್ಲಿ ಪೋಣಿಸಿದ್ದು ಈ ಗ್ರಂಥಗಳ ಹಿರಿಮೆ.

ಅದು ಅಮೆರಿಕದ ಮಾತಾಯಿತು, ನಮಗೇನು ಎಂದು ವಾಚಕರು ಕೇಳಬಹುದು. ಅದೇ ಯುದ್ಧ, ಅದೇ ಅಮೆರಿಕ, ನಮ್ಮ ಬೆಂಗಳೂರಿಗೂ ಬಂದಿದ್ದವು. 1940ರ ಡಿಸೆಂಬರಿನಲ್ಲಿ ವಾಲ್‌ಚಂದ್ ಹೀರಾಚಂದರು ಮೈಸೂರು ಸಂಸ್ಥಾನದ ಸಹಕಾರದಿಂದ ಹಿಂದೂಸ್ಥಾನ್ ಏರ್‌ಕ್ರಾಫ್ಟ್ ಕಂಪನಿಯನ್ನು ಸ್ಥಾಪಿಸಿದಾಗ, ವಿಲಿಯಂ ಪಾಲೆ ಎಂಬ ಅಮೆರಿಕದ ಉದ್ಯಮಿ ಯಂತ್ರಗಳನ್ನೂ ತಜ್ಞರನ್ನೂ ಒದಗಿಸಿದರು. 1943ರಲ್ಲಿ ಕಾರ್ಖಾನೆಯ ಆಡಳಿತ ಅಮೆರಿಕದ ಸೇನಾ ವಾಯುಪಡೆಯ ಕೈಗೆ ಹೋಯಿತು. ಪೂರ್ವರಂಗದಲ್ಲಿ ಜಖಂಗೊಂಡ ವಿಮಾನಗಳು ಇಲ್ಲಿ ದುರಸ್ತಿಯಾದವು. ಕ್ಯಾಟಲಿನಾ ಎಂಬ ನೀರ್ವಿಮಾನಗಳು ಬೆಳ್ಳಂದೂರು ಕೆರೆಯ ಮೇಲೆ ಇಳಿದವು. ಸ್ವಾತಂತ್ರ್ಯಾನಂತರ 1948ರಲ್ಲಿ ಐ.ಟಿ.ಐ., 1953ರಲ್ಲಿ ಎಚ್.ಎಂ.ಟಿ., 1954ರಲ್ಲಿ ಬಿ.ಇ.ಎಲ್. ಬಂದವು. ಉದ್ಯಾನನಗರವೆಂದು ನಾವು ಕೊಂಡಾಡಿದ ಊರಿನ ಬೆಳವಣಿಗೆಯಲ್ಲಿ ಯುದ್ಧದ ಪಾಲು ಸಣ್ಣದಲ್ಲ.

ಕನ್ನಡನಾಡಿನ ನಗರಗಳಿಗೆ ಇಂಥ ಇತಿಹಾಸಕಾರರೇ ಇಲ್ಲವೆನ್ನುವಂತಿಲ್ಲ. ಜಾನಕಿ ನಾಯರ್ ಅವರ ‘ಮೈನರ್ಸ್ ಅಂಡ್ ಮಿಲ್‌ಹ್ಯಾಂಡ್ಸ್’ (1998) ಕೋಲಾರದ ಚಿನ್ನದ ಗಣಿಗಳ ಹಾಗೂ ಬೆಂಗಳೂರಿನ ಗಿರಣಿಗಳ ಕಾರ್ಮಿಕರನ್ನು ಮೈಸೂರು ಸಂಸ್ಥಾನದ ಚರಿತ್ರೆಯ ನಡುಮನೆಗೆ ತಂದು ಕೂರಿಸಿತು. ‘ದಿ ಪ್ರಾಮಿಸ್ ಆಫ್ ದಿ ಮೆಟ್ರೊಪೊಲಿಸ್’ (2005) ಇಪ್ಪತ್ತನೆಯ ಶತಮಾನದ ಬೆಂಗಳೂರನ್ನು ಕುರಿತದ್ದು. ದಿವಾನರ ದೂರದೃಷ್ಟಿಯಿಂದಲೇ ಎಲ್ಲವೂ ಆಯಿತೆಂದು ಪಾಠ ಹೇಳಿಕೊಂಡು ಬಂದ ನಮಗೆ ಇವು ಮದ್ದಿನಂಥ ಗ್ರಂಥಗಳು. ಇವು ಇಂಗ್ಲಿಷಿನಲ್ಲಿ ರಚಿತವಾದವು. ಇವುಗಳ ತಿರುಳು ಚಳ್ಳಕೆರೆಯ ಕಾಲೇಜಿನ ವಿದ್ಯಾರ್ಥಿಗೂ ಅವನ ಭಾಷೆಯಲ್ಲೇ ದಕ್ಕಬೇಕೆಂಬುದು ನನ್ನ ಮೊದಲ ಬಿನ್ನಹ.

ಚಳ್ಳಕೆರೆಯ ಹೆಸರನ್ನು ಸುಮ್ಮನೆ ಎತ್ತಲಿಲ್ಲ. ಬೆಂಗಳೂರಿನಲ್ಲಿ 1940ರಲ್ಲಿ ಆರಂಭವಾದ ಅಧ್ಯಾಯದ ಮುಂದಿನ ಪುಟಗಳು ಈಗ ಚಳ್ಳಕೆರೆ ತಾಲ್ಲೂಕಿನ ಕುದಾಪುರದ ಆಸುಪಾಸಿನಲ್ಲಿ ತೆರೆದಿವೆ. 2009-10ರ ಸುಮಾರಿಗೆ ಇಲ್ಲಿನ ಅಮೃತ ಮಹಲ್ ಕಾವಲುಗಳ ಹತ್ತು ಸಾವಿರ ಎಕರೆಯಷ್ಟು ಹುಲ್ಲುಗಾವಲು ರಕ್ಷಣಾ ಸಂಶೋಧನೆ, ಅಣುವಿಜ್ಞಾನ, ಬಾಹ್ಯಾಕಾಶ ಮೊದಲಾದ ಸಂಸ್ಥೆಗಳ ಪಾಲಾಯಿತು. ಕುದಾಪುರದಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಗೆ 1,500 ಎಕರೆ ದೊರೆಯಿತು. ಚಾಲಕನಿಲ್ಲದ ವಿಮಾನಗಳ ಪರೀಕ್ಷಾಕ್ಷೇತ್ರ 2017ರ ಮೇ ತಿಂಗಳಲ್ಲಿ ಉದ್ಘಾಟನೆಗೊಂಡಿತು.

ಆದರೆ ಕುದಾಪುರದ ಬಯಲಿಗೆ ಯುದ್ಧವು ಹೊಸ ನೆಂಟನಲ್ಲ. ಚಿಕ್ಕದೇವರಾಜ ಒಡೆಯರ ಕಾಲದ ಬೆಣ್ಣೆ ಚಾವಡಿಯೇ ಟಿಪ್ಪುವಿನ ಕಾಲಕ್ಕೆ ಅಮೃತ ಮಹಲ್ ಎನಿಸಿತು. ಆ ತಳಿಯ ಎತ್ತುಗಳು ಫಿರಂಗಿಗಳನ್ನು ಎಳೆದವು. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಕಂಪನಿಯ ಸೈನ್ಯಕ್ಕೂ ಅವೇ ಬೇಕಾದವು. ಈ ಹುಲ್ಲು ಇಷ್ಟು ಕಾಲ ಉಳುಮೆಗೆ ಸಿಕ್ಕದೆ ಉಳಿದದ್ದು ಸೈನ್ಯದ ಎತ್ತುಗಳಿಗಾಗಿ. ಎತ್ತಿನ ಕಾಲದ ಯುದ್ಧ ಕಾವಲನ್ನು ಕಾಪಾಡಿತು. ಯಂತ್ರದ ಕಾಲದ ಯುದ್ಧ ಅದಕ್ಕೆ ಗೋಡೆ ಕಟ್ಟಿತು. ನಡುವಿನ ಕಾಲದಲ್ಲಿ ಕುರುಬರ ಕುರಿಗಳು, ಮ್ಯಾಸಬೇಡರ ದೇವರ ಎತ್ತುಗಳು, ಸುತ್ತಿನ ಹಳ್ಳಿಗಳ ದನಗಳು ಇಲ್ಲಿ ಮೇದವು. ಚಳ್ಳಕೆರೆಯ ಕಂಬಳಿಯ ಉಣ್ಣೆ ಈ ನೆಲದ ಕುರಿಗಳದು.

ಇಲ್ಲಿಯೇ ಲಾಚಿನ್ನರ ಗ್ರಂಥಗಳು ನಮಗೆ ಅಳತೆಗೋಲಾಗುವುದು. ಕ್ಯಾಲಿಫೋರ್ನಿಯದ ನಗರಗಳು ಸೈನ್ಯವನ್ನು ಕೈಬೀಸಿ ಕರೆದವು. ಲಾಭವನ್ನೂ ಅವೇ ಉಂಡವು. ಕುದಾಪುರದ ಕುರಿಗಾಹಿ ಯಾರನ್ನೂ ಕರೆದವನಲ್ಲ. ಜಮೀನು ಹಂಚಿಹೋದ ಸಂಗತಿ ಎಷ್ಟೋ ಹಳ್ಳಿಗಳಿಗೆ ಖಚಿತವಾದದ್ದು ಗೋಡೆ ಎದ್ದ ಮೇಲೆ. ಅವರ ತಕರಾರು ಹಸಿರು ನ್ಯಾಯಮಂಡಳಿಯ ಚೆನ್ನೈ ಪೀಠದವರೆಗೆ ಹೋಗಿ, 2014ರಲ್ಲಿ ತೀರ್ಪು ಬಂದರೂ ಗೋಡೆಗಳು ಉಳಿದವು.

ದೇಶಕ್ಕೆ ರಕ್ಷಣೆ ಬೇಡವೇ, ವಿಜ್ಞಾನ ಬೇಡವೇ ಎಂಬ ಪ್ರಶ್ನೆ ಬರುತ್ತದೆ. ಖಂಡಿತವಾಗಿ ಬೇಕು. ಕುದಾಪುರದ ವಿಜ್ಞಾನ ಸಂಸ್ಥೆಯಲ್ಲಿ ನಮ್ಮ ಪ್ರೌಢಶಾಲೆಗಳ ಉಪಾಧ್ಯಾಯರು ತರಬೇತಿ ಪಡೆದಿದ್ದಾರೆ. ಅದರ ಪ್ರಯೋಜನವನ್ನು ನಾನು ಅಲ್ಲಗಳೆಯಲಾರೆ. ಆದರೆ ಯಾವ ವಸ್ತುವನ್ನು ಕೊಂಡರೂ ಬೆಲೆಯನ್ನು ಲೆಕ್ಕದ ಪುಸ್ತಕದಲ್ಲಿ ಬರೆದಿಡುವುದು ಪ್ರಾಮಾಣಿಕನ ಲಕ್ಷಣ. ದೇಶದ ವಿಷಯದಲ್ಲಿ ಆ ಲೆಕ್ಕದ ಪುಸ್ತಕದ ಹೆಸರೇ ಇತಿಹಾಸ. ಬಂದದ್ದನ್ನು ಮಾತ್ರ ಬರೆದು ಹೋದದ್ದನ್ನು ಬಿಟ್ಟರೆ ಅದು ಜಾಹೀರಾತಾಗುತ್ತದೆ.

ಸಂಸ್ಥೆಗಳು ತಮ್ಮ ಕಥೆಯನ್ನು ತಾವೇ ಬರೆಸಿಕೊಳ್ಳುತ್ತವೆ. ಅವಕ್ಕೆ ಕಡತಗಳಿವೆ, ಛಾಯಾಚಿತ್ರಗಳಿವೆ, ವಾರ್ಷಿಕ ವರದಿಗಳಿವೆ. ಕಿಲಾರಿಗೆ ಇರುವುದು ನೆನಪೊಂದೇ, ಅದಕ್ಕೆ ಆಯುಷ್ಯದ ಮಿತಿಯುಂಟು. ಗೋಡೆಯಿಲ್ಲದ ಕಾವಲನ್ನು ಕಂಡವರು ಈಗಲೂ ನಮ್ಮ ನಡುವೆ ಇದ್ದಾರೆ. ಯಾವ ಊರಿನ ಮಂದೆ ಯಾವ ದಿಕ್ಕಿಗೆ ಹೋಗುತ್ತಿತ್ತು, ಬರಗಾಲದಲ್ಲಿ ಕಾವಲು ಎಷ್ಟು ದಿನ ಕಾಪಾಡಿತು, ಗೋಡೆ ಬಂದ ವರ್ಷ ಎಷ್ಟು ಕುರಿ ಮಾರಿದರು, ಒಳಗೆ ಕೂಲಿ ಸಿಕ್ಕಿದ್ದು ಯಾರಿಗೆ: ಇವನ್ನು ಕೇಳಿ ಬರೆದಿಡಲು ದೊಡ್ಡ ಅನುದಾನವೇನೂ ಬೇಕಿಲ್ಲ. ಚಳ್ಳಕೆರೆ, ನಾಯಕನಹಟ್ಟಿ, ಮೊಳಕಾಲ್ಮುರುಗಳ ಅಧ್ಯಾಪಕರು ತಮ್ಮ ವಿದ್ಯಾರ್ಥಿಗಳಿಗೆ ಒಂದು ವರ್ಷದ ಕೆಲಸವಾಗಿ ಇದನ್ನು ಒಪ್ಪಿಸಬಹುದು.

ಮುಂದೊಂದು ದಿನ ಕುದಾಪುರವೂ ನಗರವಾದೀತು. ಆ ನಗರದ ಇತಿಹಾಸಕಾರನು ತನ್ನ ಮೊದಲ ಅಧ್ಯಾಯವನ್ನು ಗೋಡೆಯ ಶಂಕುಸ್ಥಾಪನೆಯಿಂದ ತೊಡಗುವನೋ ಹುಲ್ಲಿನಿಂದ ತೊಡಗುವನೋ ಎಂಬುದು ನಾವು ಇಂದು ಏನನ್ನು ಬರೆದಿಡುತ್ತೇವೆ ಎಂಬುದನ್ನು ಅವಲಂಬಿಸಿದೆ.